ಕಮಲಾದೇವಿ ಚಟ್ಟೋಪಾಧ್ಯಾಯರ ಆಫೀಸ್ ಕೆಲಸದ ಬಗ್ಗೆ ಯಾರೂ ಯಾಕೆ ಮಾತಾಡಲ್ಲ?

ಕಡಲಕರೆ:
ಕಮಲಾದೇವಿ ಚಟ್ಟೋಪಾಧ್ಯಾಯರು ನಮ್ಮ ಮಂಗಳೂರಿನವರು. 1903ರ ಏಪ್ರಿಲ್ 3ರಂದು ಹುಟ್ಟಿದ್ದು. ಅವರ ಹೆಸರು ಹೇಳಿದರೆ ಜನಕ್ಕೆ ನೆನಪಾಗೋದು ಉಪ್ಪಿನ ಸತ್ಯಾಗ್ರಹ. ಸ್ವಲ್ಪ ಜಾಸ್ತಿ ಓದಿಕೊಂಡವರು 1926ರ ಚುನಾವಣೆ ಹೇಳುತ್ತಾರೆ. ಮದ್ರಾಸ್ ವಿಧಾನ ಪರಿಷತ್ತಿಗೆ ನಿಂತು ಕೆಲವೇ ಮತಗಳಿಂದ ಸೋತದ್ದು, ಶಾಸನಸಭೆಗೆ ಸ್ಪರ್ಧಿಸಿದ ದೇಶದ ಮೊದಲ ಮಹಿಳೆ ಅನ್ನೋದು. ಎಲ್ಲ ಸರಿಯೇ.

ಆದರೆ ಸ್ವಾತಂತ್ರ್ಯ ಬಂದ ಮೇಲೂ ಅವರು ನಲವತ್ತು ವರ್ಷ ಬದುಕಿದ್ದರು, ಸುಮ್ಮನೆ ಕೂತಿರಲಿಲ್ಲ. ಆ ನಲವತ್ತು ವರ್ಷ ಮಾಡಿದ್ದು ಮೀಟಿಂಗು, ಕಡತ, ಬಜೆಟ್ಟು, ಸಂಘದ ನೋಂದಣಿ, ಸಾಲದ ವ್ಯವಸ್ಥೆ, ಮಳಿಗೆ, ತರಬೇತಿ ಕೇಂದ್ರ, ಊರೂರು ತಿರುಗಾಟ. ಫೋಟೊಗೆ ಚೆನ್ನಾಗಿ ಕಾಣದ ಕೆಲಸ ಇವೆಲ್ಲ. ಈ ದೇಶದ ಕರಕುಶಲ ಕಲೆ, ರಂಗಭೂಮಿ, ನೃತ್ಯಕ್ಕೆ ಇವತ್ತು ಏನೋ ಒಂದು ಸಾಂಸ್ಥಿಕ ಚೌಕಟ್ಟು ಅಂತ ಇದ್ದರೆ ಅದರ ಅರ್ಧ ಆಕೆ ಕೂತು ಕಟ್ಟಿದ್ದು ಅಂತ ನನ್ನ ವಾದ.

ನೋಡಿ, ಎಷ್ಟಿದೆ ಅಂತ. 1944ರಲ್ಲಿ ಮುಂಬೈಯಲ್ಲಿ ಇಂಡಿಯನ್ ನ್ಯಾಷನಲ್ ಥಿಯೇಟರ್. 1948ರಲ್ಲಿ ಇಂಡಿಯನ್ ಕೋಆಪರೇಟಿವ್ ಯೂನಿಯನ್. ಮರುವರ್ಷವೇ ಭಾರತೀಯ ನಾಟ್ಯ ಸಂಘ. 1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಳಿ ಶುರುವಾದಾಗ ಮೊದಲ ಅಧ್ಯಕ್ಷೆ. 1964ರಲ್ಲಿ ಕ್ರಾಫ್ಟ್ಸ್ ಕೌನ್ಸಿಲ್ ಆಫ್ ಇಂಡಿಯಾ. ಅದೇ ವರ್ಷ ನ್ಯೂಯಾರ್ಕಿನಲ್ಲಿ ವಿಶ್ವ ಕರಕುಶಲ ಮಂಡಳಿ ಹುಟ್ಟಿದಾಗಲೂ ಮುಂದಿನ ಸಾಲಿನಲ್ಲಿ ಇವರೇ. ಎಪ್ಪತ್ತರ ದಶಕದ ಕೊನೆಗೆ ಸಂಗೀತ ನಾಟಕ ಅಕಾಡೆಮಿಯ ಅಧ್ಯಕ್ಷೆ.

ಆಡಳಿತಗಾರ್ತಿ ಅಂತ ಅವರ ಬಗ್ಗೆ ಕನ್ನಡದಲ್ಲಿ ಗಟ್ಟಿಯಾಗಿ ಯಾರಾದರೂ ಬರೆದದ್ದು ನನಗಂತೂ ಸಿಕ್ಕಿಲ್ಲ. ನಿಮಗೆಲ್ಲ ಏನನ್ನಿಸುತ್ತೆ?

ಹಳೇಪೇಟೆ:
ಒಳ್ಳೇ ವಿಷಯ ತೆಗೆದಿರಿ ಅಕ್ಕ. ಆದರೆ ಬಾಲ್ಯ ಬಿಟ್ಟು ನೇರ 1944ಕ್ಕೆ ಹೋಗಿಬಿಟ್ಟರೆ ಹೇಗೆ? ಈ ಹೆಂಗಸಿಗೆ ಸಂಸ್ಥೆ ಕಟ್ಟುವ ಹುಚ್ಚು ಎಲ್ಲಿಂದ ಬಂತು ಅನ್ನೋದೇ ಸ್ವಾರಸ್ಯದ ಪ್ರಶ್ನೆ ಅಲ್ವಾ.

ತಂದೆ ಅನಂತಯ್ಯ ಧಾರೇಶ್ವರ ದೊಡ್ಡ ಸರ್ಕಾರಿ ಅಧಿಕಾರಿ. ಮಗಳಿಗೆ ಏಳು ವರ್ಷ ಇದ್ದಾಗ ತೀರಿಕೊಂಡರು. ಉಯಿಲು ಬರೆದಿರಲಿಲ್ಲ. ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನ ಪಾಲಾಯಿತು. ಆಗಿನ ಕಾನೂನು ಹಾಗಿತ್ತು, ಹೆಂಡತಿಗೂ ಇಲ್ಲ, ಹೆಣ್ಣುಮಗಳಿಗೂ ಇಲ್ಲ. ತಿಂಗಳಿಗಿಷ್ಟು ಅಂತ ಕೊಡಲು ಬಂದದ್ದನ್ನು ತಾಯಿ ಗಿರಿಜಾಬಾಯಿ ಬೇಡ ಅಂದರು. ತವರಿನಿಂದ ತಂದದ್ದರಲ್ಲೇ ಮಗಳನ್ನು ಬೆಳೆಸಿದರು. ಆ ತಾಯಿ ಓದಿದ್ದವಳು, ಪತ್ರಿಕೆ ತರಿಸಿ ಓದುತ್ತಿದ್ದವಳು.

ಆಮೇಲೆ ಹದಿನಾಲ್ಕಕ್ಕೆ ಮದುವೆ, ಸ್ವಲ್ಪ ದಿನಕ್ಕೇ ವೈಧವ್ಯ. ಆ ಕಾಲದ ಸಾರಸ್ವತರ ಮನೆಯಲ್ಲಿ ಅಷ್ಟಕ್ಕೆ ಕಥೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಮದರಾಸಿನ ಕ್ವೀನ್ ಮೇರೀಸ್ ಕಾಲೇಜಿಗೆ ಹೋದರು. ಅಲ್ಲಿ ಸರೋಜಿನಿ ನಾಯ್ಡು ಅವರ ತಂಗಿ ಸುಹಾಸಿನಿ ಪರಿಚಯ, ಅವರ ಮೂಲಕ ಅಣ್ಣ ಹರೀಂದ್ರನಾಥ. ಕವಿ, ನಾಟಕಕಾರ, ನಟ. ವಿಧವೆ, ಅದೂ ಬೇರೆ ಭಾಷೆ ಬೇರೆ ಜಾತಿಯವನನ್ನು ಮದುವೆಯಾದಳು ಅಂತ ಊರೆಲ್ಲ ಗುಲ್ಲು. ಇವರಿಬ್ಬರೂ ನಾಟಕ ಆಡುತ್ತಾ ತಿರುಗಿದರು. ಮಾನಸ್ಥ ಮನೆಯ ಹೆಣ್ಣುಮಕ್ಕಳು ರಂಗ ಹತ್ತದಿದ್ದ ಕಾಲ ಅದು.

1931ರಲ್ಲಿ ಬಂದ ಮೃಚ್ಛಕಟಿಕದ ಕಥೆಯ ಮೂಕಿ ಚಿತ್ರದಲ್ಲೂ ಇದ್ದರು. ಕನ್ನಡ ಸಿನಿಮಾ ಚರಿತ್ರೆ ಬರೆಯುವವರು ಈ ಚಿತ್ರವನ್ನು ಬಿಡುವಂತಿಲ್ಲ. 

ಅಂದರೆ ಆಕೆ ಕಲಾವಿದರನ್ನು ಮೇಜಿನ ಆಚೆ ಕಡೆಯಿಂದ ಮಾತ್ರ ನೋಡಿದವರಲ್ಲ. ಬಣ್ಣ ಹಚ್ಚಿ, ಟಿಕೆಟ್ ಮಾರಿ, ಊರು ಬಯ್ಯುವುದನ್ನು ಕೇಳಿಸಿಕೊಂಡು ಆಮೇಲೆ ಆಫೀಸಿಗೆ ಬಂದವರು. ಈಗಿನ ಅಕಾಡೆಮಿಗಳಲ್ಲಿ ಕೂತವರಲ್ಲಿ ಎಷ್ಟು ಜನಕ್ಕೆ ಈ ಅರ್ಹತೆ ಇದೆ ಅಂತ ನಾನು ಕೇಳುವುದಿಲ್ಲ, ಕೇಳಿದರೆ ಜಗಳ ಆಗುತ್ತೆ.

ಎದುರುಮಾತು:
ಕೇಳಿ ಸಾರ್, ಜಗಳ ಆಗಲಿ 😀

ನನ್ನದೊಂದು ತಕರಾರು. ಕರಕುಶಲ ಮಂಡಳಿ, ಎಂಪೋರಿಯಂ ಇವೆಲ್ಲ ಬಂದು ಆದದ್ದೇನು? ಹಳ್ಳಿಯ ಮನೆಯಲ್ಲಿ ದಿನಾ ಬಳಸುತ್ತಿದ್ದ ವಸ್ತು ದೆಹಲಿಯ ಡ್ರಾಯಿಂಗ್ ರೂಮಿನ ಶೋಕೇಸಿಗೆ ಹೋಯಿತು. ಕೊಳ್ಳುವವರು ಶ್ರೀಮಂತರು, ವಿದೇಶಿಯರು. ಮಾಡಿದವನ ಹೆಸರು ಎಲ್ಲೂ ಇಲ್ಲ. 'ಮೇಡ್ ಇನ್ ಇಂಡಿಯಾ' ಅನ್ನೋ ಚೀಟಿ ಮಾತ್ರ. ಮೇಲ್ಜಾತಿಯ, ಇಂಗ್ಲಿಷ್ ಓದಿದ, ಲಂಡನ್ನಿನ ಬೆಡ್‌ಫರ್ಡ್ ಕಾಲೇಜಿಗೆ ಹೋಗಿ ಬಂದ ಹೆಂಗಸರು 'ಇದು ಚೆನ್ನಾಗಿದೆ, ಇದು ಚೆನ್ನಾಗಿಲ್ಲ' ಅಂತ ಅಭಿರುಚಿ ತೀರ್ಮಾನ ಮಾಡಿದರು. ಕಸುಬುದಾರ ತಲೆ ಆಡಿಸಿದ. ಇದನ್ನು ಯಾಕೆ ಅಷ್ಟೊಂದು ಹೊಗಳಬೇಕು?

ಕಡಲಕರೆ:
ತಕರಾರು ಸುಳ್ಳಲ್ಲ. ಆದರೆ ಅದನ್ನು ಇವರ ತಲೆಗೆ ಕಟ್ಟುವ ಮೊದಲು 1948ರಿಂದ ನೋಡಬೇಕು.

ದೇಶ ವಿಭಜನೆ ಆಯಿತು. ವಾಯವ್ಯ ಗಡಿ ಪ್ರಾಂತ್ಯದಿಂದ ನಿರಾಶ್ರಿತರು ಬಂದು ಕ್ಯಾಂಪಿನಲ್ಲಿ ಬಿದ್ದಿದ್ದರು. ಚಳಿ ಬೇರೆ. ಸರ್ಕಾರ ಪಡಿತರ ಹಂಚುತ್ತಿತ್ತು. ಕಮಲಾದೇವಿ ಹೇಳಿದ್ದು, ಇವರು ಭಿಕ್ಷುಕರಲ್ಲ, ಕೆಲಸ ಗೊತ್ತಿದ್ದವರು, ಸಹಕಾರಿ ಸಂಘ ಕಟ್ಟಿಕೊಳ್ಳಲಿ, ತಮ್ಮ ಊರನ್ನು ತಾವೇ ಕಟ್ಟಲಿ ಅಂತ. ಮೊದಲು ದೆಹಲಿ ಪಕ್ಕದ ಛತ್ತರ್‌ಪುರದಲ್ಲಿ ಪ್ರಯೋಗ, ಆಮೇಲೆ ಫರೀದಾಬಾದ್. ನೆಹರೂ ಮನಸ್ಸಿಲ್ಲದ ಮನಸ್ಸಿನಿಂದ ಒಪ್ಪಿದರು. ಸರ್ಕಾರದ ದುಡ್ಡು ಕೇಳಬಾರದು ಅಂತ ಷರತ್ತೂ ಹಾಕಿದ್ದರಂತೆ. 50,000ಕ್ಕೂ ಹೆಚ್ಚು ಜನಕ್ಕೆ ನೆಲೆಯಾದ ಪಟ್ಟಣ ಅದು. ಮನೆ ಕಟ್ಟಿದ್ದು, ರಸ್ತೆ ಹಾಕಿದ್ದು ನಿರಾಶ್ರಿತರೇ, ಕೂಲಿ ಪಡೆದು.

ಇಲ್ಲಿ ಒಂದು ಸಣ್ಣ ವಿಷಯ ಗಮನಿಸಿ. ಆ ಕ್ಯಾಂಪುಗಳಲ್ಲಿ ನೇಯುವವರಿದ್ದರು, ಕಸೂತಿ ಹಾಕುವ ಹೆಂಗಸರಿದ್ದರು. ಮಾಡಿದ್ದನ್ನು ಮಾರೋದೆಲ್ಲಿ? ಆ ಪ್ರಶ್ನೆಯ ಬೆನ್ನು ಹತ್ತಿ ಹೋದರೆ ದೆಹಲಿಯ ಜನಪಥದ ಸೆಂಟ್ರಲ್ ಕಾಟೇಜ್ ಇಂಡಸ್ಟ್ರೀಸ್ ಎಂಪೋರಿಯಂ ಸಿಗುತ್ತೆ. ಸರ್ಕಾರ ಶುರು ಮಾಡಿದ್ದ ಮಳಿಗೆ ಅದು, ಸರಿಯಾಗಿ ನಡೆಯುತ್ತಿರಲಿಲ್ಲ. ಐವತ್ತರ ದಶಕದ ಆರಂಭದಲ್ಲಿ ಅದರ ಉಸ್ತುವಾರಿ ಇವರ ಕೋಆಪರೇಟಿವ್ ಯೂನಿಯನ್ನಿಗೆ ಬಂತು. ಅಂದರೆ ಶೋಕೇಸಿನ ಆಸೆಗೆ ಹುಟ್ಟಿದ ಅಂಗಡಿಯಲ್ಲ, ಮಾಲು ಕೊಳ್ಳೋರಿಲ್ಲದೆ ಕೂತವರಿಗೆ ಗಿರಾಕಿ ಹುಡುಕಲು ಹೊರಟ ಅಂಗಡಿ.

ಈ ಕೆಲಸದಲ್ಲಿ ಜೊತೆಗಿದ್ದ ಹುಡುಗ ಎಲ್. ಸಿ. ಜೈನ್. ಮುಂದೆ ಅವರಿಗೂ ಮ್ಯಾಗ್ಸೆಸೆ ಪ್ರಶಸ್ತಿ ಬಂತು, 1989ರಲ್ಲಿ. ಕೊನೆಗಾಲದಲ್ಲಿ ನಮ್ಮ ಬೆಂಗಳೂರಲ್ಲೇ ಇದ್ದರು. ಕಮಲಾದೇವಿಯವರಿಗೆ 1966ರಲ್ಲೇ ಬಂದಿತ್ತು. ಗುರು ಶಿಷ್ಯ ಇಬ್ಬರಿಗೂ ಮ್ಯಾಗ್ಸೆಸೆ. ಜನರನ್ನು ತಯಾರು ಮಾಡುವುದೂ ಆಡಳಿತವೇ ಅಲ್ವಾ.

ಅರಗುಬಣ್ಣ:
ನಾನು ಕರಕುಶಲ ವಸ್ತು ಕೊಂಡು ಮಾರುವ ಕೆಲಸದಲ್ಲಿದ್ದೇನೆ, ಹಾಗಾಗಿ ಎದುರುಮಾತು ಅವರಿಗೆ ನೆಲದ ಮೇಲಿನ ಮಾತು ಹೇಳುತ್ತೇನೆ.

ಬೀದರಿನ ಬಿದರಿ ಕೆಲಸ ತಗೊಳ್ಳಿ. ಸತುವು ಮತ್ತು ತಾಮ್ರದ ಮಿಶ್ರಲೋಹ, ಸತುವೇ ಜಾಸ್ತಿ. ಮರಳಿನ ಅಚ್ಚಿನಲ್ಲಿ ಎರಕ ಹೊಯ್ಯೋದು, ಅರದಿಂದ ಉಜ್ಜಿ ನುಣ್ಣಗೆ ಮಾಡೋದು, ಮೇಲೆ ಕೈಯಿಂದಲೇ ಚಿತ್ರ ಗೀರೋದು, ಉಳಿಯಿಂದ ಕೆತ್ತೋದು, ಆ ಗೆರೆಯೊಳಗೆ ಬೆಳ್ಳಿ ತಂತಿ ಕೂರಿಸಿ ಬಡಿಯೋದು. ಇಷ್ಟಾದರೂ ವಸ್ತು ಒಂದೇ ಬೂದು ಬಣ್ಣ, ಬೆಳ್ಳಿ ಎಲ್ಲಿದೆ ಅಂತ ಕಣ್ಣಿಗೆ ಸರಿಯಾಗಿ ಕಾಣಲ್ಲ. ಕೊನೆಗೆ ಬೀದರ್ ಕೋಟೆಯ ಹಳೇ ಭಾಗದ ಮಣ್ಣನ್ನು ನವಸಾಗರ ಅನ್ನೋ ಲವಣದ ಜೊತೆ ನೀರಿನಲ್ಲಿ ಕಲಸಿ, ಬಿಸಿ ಮಾಡಿದ ಪಾತ್ರೆಗೆ ತಿಕ್ಕುತ್ತಾರೆ. ಲೋಹ ಕಪ್ಪಾಗುತ್ತೆ, ಬೆಳ್ಳಿ ಬೆಳ್ಳಗೇ ಉಳಿಯುತ್ತೆ. ಆ ಮಣ್ಣು ಸರಿ ಇದೆಯೋ ಇಲ್ಲವೋ ಅಂತ ನಾಲಿಗೆಗೆ ಹಚ್ಚಿ ನೋಡುವ ಹಿರಿಯರಿದ್ದಾರೆ.

ಇಷ್ಟೆಲ್ಲ ಗೊತ್ತಿರುವ ಮನುಷ್ಯನಿಗೆ ಏನು ಗೊತ್ತಿರಲ್ಲ ಹೇಳಿ? ಬೆಳ್ಳಿ ಬೆಲೆ ಏರಿದಾಗ ಸಾಲ ಎಲ್ಲಿ ಸಿಗುತ್ತೆ ಅನ್ನೋದು. ಹುಕ್ಕಾ ಬುಡ, ಪಾನ್‌ದಾನ್ ಕೊಳ್ಳುತ್ತಿದ್ದ ನವಾಬರು ಹೋದ ಮೇಲೆ ಯಾವ ವಸ್ತು ಮಾಡಿದರೆ ಹೋಗುತ್ತೆ ಅನ್ನೋದು. ದೂರದ ಊರಿನ ಆರ್ಡರ್ ಹಿಡಿದು, ಹಾಳಾಗದಂತೆ ಪ್ಯಾಕ್ ಮಾಡಿ, ಹೇಳಿದ ದಿನಕ್ಕೆ ತಲುಪಿಸೋದು. ಇದನ್ನೆಲ್ಲ ಕಸುಬುದಾರ ಕಲಿಯಬೇಕು ಅನ್ನೋದೇ ತಪ್ಪು, ಬೇರೆ ಯಾರೋ ಮಾಡಿಕೊಡಬೇಕು. ಆ 'ಬೇರೆ ಯಾರೋ' ದಲ್ಲಾಳಿ ಆಗಿದ್ದ, ಇವತ್ತೂ ಬಹಳ ಕಡೆ ಅವನೇ. 1952ರ ಮಂಡಳಿ ಮಾಡಲು ಹೊರಟಿದ್ದು ಆ ಜಾಗಕ್ಕೆ ಒಂದು ಸಾರ್ವಜನಿಕ ವ್ಯವಸ್ಥೆ.

ಬೆಂಗಳೂರಲ್ಲಿ ಪ್ರಾದೇಶಿಕ ವಿನ್ಯಾಸ ಕೇಂದ್ರ ಅಂತ ಇದೆ. ಆಗಿನ ಕಾಲದಲ್ಲೇ ದೆಹಲಿ, ಮುಂಬೈ, ಕಲ್ಕತ್ತ, ಬೆಂಗಳೂರು ಹೀಗೆ ನಾಲ್ಕು ಕಡೆ ಮಾಡಿದ್ದು. ಡಿಸೈನರು, ತಾಂತ್ರಿಕರು ಒಂದೇ ಸೂರಿನಡಿ. ಹೊಸ ನಮೂನೆ ಮಾಡಿ ಕಸುಬುದಾರರಿಗೆ ಕೊಡೋದು, ಉಪಕರಣ ಸುಧಾರಿಸೋದು. ಎಲ್ಲ ನಮೂನೆಯೂ ಚೆನ್ನಾಗಿತ್ತು ಅಂತ ನಾನು ಹೇಳಲ್ಲ. ಕೆಲವನ್ನು ನೋಡಿದರೆ ಕಣ್ಣೀರು ಬರುತ್ತೆ. ಆದರೆ ವ್ಯವಸ್ಥೆ ಅಂತ ಒಂದಿತ್ತು.

ಪಾಠದಮನೆ:
ಎಲ್ಲರಿಗೂ ನಮಸ್ಕಾರ. ನಾನು ಮೇಷ್ಟ್ರು, ಎಂಟನೇ ಕ್ಲಾಸಿನ ಮಕ್ಕಳಿಗೆ ಇವರ ಬಗ್ಗೆ ಹೇಳಬೇಕು ಅಂತಿದ್ದೇನೆ. ಒಂದು ಪ್ರಶ್ನೆ. ಗಾಂಧೀಜಿ ಉಪ್ಪಿನ ಸತ್ಯಾಗ್ರಹಕ್ಕೆ ಹೆಂಗಸರು ಬೇಡ ಅಂದಿದ್ದರು, ಇವರು ಹೋಗಿ ಒಪ್ಪಿಸಿದರು ಅಂತಾರಲ್ಲ, ಅದು ನಿಜವಾ? ಸ್ಟಾಕ್ ಎಕ್ಸ್‌ಚೇಂಜಿನಲ್ಲಿ ಉಪ್ಪು ಮಾರಿದ ಕಥೆ?

ಹಳೇಪೇಟೆ:
ನಿಜ ಮೇಷ್ಟ್ರೇ. ದಾಂಡಿ ಯಾತ್ರೆಯ ತಂಡದಲ್ಲಿ ಹೆಂಗಸರಿರಲಿಲ್ಲ. ಇವರು ಹೋಗಿ ವಾದ ಮಾಡಿದರು. ಆಮೇಲೆ ಮುಂಬೈಯಲ್ಲಿ ಕಾನೂನು ಮುರಿದ ಮೊದಲ ತಂಡದಲ್ಲಿ ಅವಂತಿಕಾಬಾಯಿ ಗೋಖಲೆ ಮತ್ತು ಇವರು ಇಬ್ಬರು ಹೆಂಗಸರು. ಉಪ್ಪಿನ ಪೊಟ್ಟಣ ಹಿಡಿದು ಮುಂಬೈ ಸ್ಟಾಕ್ ಎಕ್ಸ್‌ಚೇಂಜಿನ ಒಳಗೆ ನುಗ್ಗಿ ಮಾರಿದ್ದೂ ನಿಜ, ಜೈಲಿಗೆ ಹೋದದ್ದೂ ನಿಜ.

ಮಕ್ಕಳಿಗೆ ಇದನ್ನು ಹೇಳಿ. ಜೊತೆಗೆ ಅಖಿಲ ಭಾರತ ಮಹಿಳಾ ಸಮ್ಮೇಳನದ್ದೂ ಹೇಳಿ. 1927ರಲ್ಲಿ ಅದು ಶುರುವಾದಾಗ ಇವರು ಸಂಘಟನಾ ಕಾರ್ಯದರ್ಶಿ, ಮುಂದೆ ಅಧ್ಯಕ್ಷೆ. ಕಾರ್ಯದರ್ಶಿ ಅಂದರೆ ಸುಮ್ನೆ ಅಲ್ಲ. ಪತ್ರ ಬರೆಯೋದು, ಚಂದಾ ಎತ್ತೋದು, ಊರೂರಿಗೆ ರೈಲಿನಲ್ಲಿ ಹೋಗಿ ಶಾಖೆ ಮಾಡೋದು. ದೆಹಲಿಯ ಲೇಡಿ ಇರ್ವಿನ್ ಕಾಲೇಜು 1932ರಲ್ಲಿ ಬಂದದ್ದು ಆ ಸಂಘಟನೆಯಿಂದ. 1952ರಲ್ಲಿ ಮಂಡಳಿಯ ಕುರ್ಚಿಗೆ ಬಂದಾಗ ಅವರ ಬೆನ್ನಿಗೆ ಇಪ್ಪತ್ತೈದು ವರ್ಷದ ಈ ಅಭ್ಯಾಸ ಇತ್ತು.

ರಂಗಪರದೆ:
ಕರಕುಶಲದ್ದೇ ಮಾತಾಡುತ್ತಾ ನಾಟಕದವರನ್ನು ಮರೆತಿರಲ್ಲ ಮಾರಾಯ್ರೆ.

ರಾಷ್ಟ್ರೀಯ ನಾಟಕ ಶಾಲೆ ಅಂದ ಕೂಡಲೇ ಎಲ್ಲರೂ ಅಲ್ಕಾಜಿ ಅನ್ನುತ್ತಾರೆ. ಅವರು 1962ರಲ್ಲಿ ನಿರ್ದೇಶಕರಾಗಿ ಬಂದರು, ದೊಡ್ಡ ಕೆಲಸ ಮಾಡಿದರು, ಅದರಲ್ಲಿ ಎರಡು ಮಾತಿಲ್ಲ. ಆದರೆ ಶಾಲೆಯ ಬುಡ ಎಲ್ಲಿದೆ? 1958ರಲ್ಲಿ ಭಾರತೀಯ ನಾಟ್ಯ ಸಂಘ ಯುನೆಸ್ಕೋ ನೆರವಿನಿಂದ ಏಷ್ಯನ್ ಥಿಯೇಟರ್ ಇನ್‌ಸ್ಟಿಟ್ಯೂಟ್ ಅಂತ ಒಂದು ಮಾಡಿತು. ನಾಟ್ಯ ಸಂಘ ಅಂದರೆ ಕಮಲಾದೇವಿ. ಅದನ್ನು ಸಂಗೀತ ನಾಟಕ ಅಕಾಡೆಮಿ ವಹಿಸಿಕೊಂಡಿತು. ಅಕಾಡೆಮಿಯೇ 1959ರಲ್ಲಿ ಶುರು ಮಾಡಿದ ನಾಟಕ ಶಾಲೆಯಲ್ಲಿ ಅದು ಸೇರಿಹೋಯಿತು. ಈಗ ಯೋಚಿಸಿ, ನಮ್ಮ ಬಿ. ವಿ. ಕಾರಂತರು ಕಲಿತದ್ದು ಅಲ್ಲಿ, ಮುಂದೆ ಅದರ ನಿರ್ದೇಶಕರೂ ಆದರು. ಪ್ರಸನ್ನ ಅಲ್ಲಿಂದ ಬಂದವರು, ಸಿ. ಆರ್. ಜಂಬೆ ಅಲ್ಲಿಂದ ಬಂದವರು. ಎಪ್ಪತ್ತರ ದಶಕದ ಕನ್ನಡ ರಂಗಭೂಮಿಯಿಂದ ಆ ಶಾಲೆಯನ್ನು ಕಿತ್ತು ಹಾಕಿದರೆ ಏನು ಉಳಿಯುತ್ತೆ? ಆದರೂ ಮಂಗಳೂರಿನ ಈ ಹೆಂಗಸಿನ ಹೆಸರನ್ನು ನಮ್ಮ ರಂಗಚರಿತ್ರೆಯಲ್ಲಿ ಹುಡುಕಬೇಕು.

ನೃತ್ಯದ್ದೂ ಹಾಗೇ. ಮಾಯಾ ರಾವ್ ಗೊತ್ತಲ್ಲ, ಬೆಂಗಳೂರಿನಲ್ಲಿ ಕಥಕ್ ಬೆಳೆಸಿದವರು. ಸೋವಿಯತ್ ದೇಶಕ್ಕೆ ಹೋಗಿ ನೃತ್ಯ ಸಂಯೋಜನೆ ಕಲಿತು ಬಂದರು. ಬಂದ ಮೇಲೆ ಕಲಿಸಲು ಜಾಗ ಬೇಕಲ್ಲ? 1964ರಲ್ಲಿ ದೆಹಲಿಯಲ್ಲಿ ನಾಟ್ಯ ಸಂಘದ ಆಶ್ರಯದಲ್ಲೇ ಅವರ ಸಂಸ್ಥೆ ಶುರುವಾಯಿತು. ಎಂಬತ್ತರ ದಶಕದಲ್ಲಿ ಬೆಂಗಳೂರಿಗೆ ಬಂತು. ನೃತ್ಯ ಸಂಯೋಜನೆ ಅನ್ನೋದು ಒಂದು ಕಲಿಯಬೇಕಾದ ವಿದ್ಯೆ, ಅದಕ್ಕೆ ಪಠ್ಯಕ್ರಮ ಬೇಕು ಅಂತ ಈ ದೇಶದಲ್ಲಿ ಆಗ ಎಷ್ಟು ಜನಕ್ಕೆ ಹೊಳೆದಿತ್ತು? ಹೊಳೆದವರ ಬೆನ್ನಿಗೆ ನಿಂತು ಕೋಣೆ, ಅನುದಾನ, ಲೆಟರ್‌ಹೆಡ್ಡು ಕೊಡುವವರು ಒಬ್ಬರು ಬೇಕಿತ್ತು.

ಮಾತು ಬಂತು ಅಂತ ಹೇಳುತ್ತೇನೆ, ನನಗೆ ಗೊತ್ತಿರುವ ಒಂದು ತಂಡಕ್ಕೆ ಮಂಜೂರಾದ ಅನುದಾನ ನಾಟಕ ಮುಗಿದು, ಸೆಟ್ಟು ಗುಜರಿಗೆ ಹೋಗಿ, ನಾಯಕಿಗೆ ಮದುವೆಯಾಗಿ ಮಗು ಆದ ಮೇಲೆ ಬಂತು. ಒಳ್ಳೇ ಆಡಳಿತಗಾರ್ತಿ ಅಂದರೆ ಏನು ಅಂತ ರಂಗದವರಿಗೆ ಬೇರೆ ಯಾರೂ ವಿವರಿಸಬೇಕಾಗಿಲ್ಲ.

ಎದುರುಮಾತು:
ನಗು ಬಂತು ಸಾರ್. ಆದರೂ ನನ್ನ ಪ್ರಶ್ನೆಗೆ ಪೂರ್ತಿ ಉತ್ತರ ಸಿಕ್ಕಿಲ್ಲ. ಅಭಿರುಚಿ ಯಾರದು? ಹೆಸರು ಯಾರದು? ಕಸುಬುದಾರ ಅನಾಮಧೇಯನಾಗಿಯೇ ಉಳಿದ ಅಲ್ವಾ?

ಕಡಲಕರೆ:
ಹೆಸರಿನ ವಿಷಯಕ್ಕೆ: 1965ರಿಂದ ಕುಶಲಕರ್ಮಿಗಳಿಗೆ ರಾಷ್ಟ್ರ ಪ್ರಶಸ್ತಿ ಶುರುವಾಯಿತು. ಕಮ್ಮಾರ, ನೇಕಾರ, ಚಿತ್ರ ಬಿಡಿಸುವವನು ದೆಹಲಿಗೆ ಹೋಗಿ ತನ್ನ ಹೆಸರಿನ ತಾಮ್ರಪಟ ತರುವಂತಾಯಿತು. ಅದರ ಹಿಂದೆ ಇದ್ದವರು ಇವರೇ. ಸಾಕಾ? ಸಾಲದು. ಅಂಗಡಿಯ ಚೀಟಿ ಮೇಲೆ ಇವತ್ತಿಗೂ ಹೆಸರಿಲ್ಲ, ಒಪ್ಪುತ್ತೇನೆ.

ಅಭಿರುಚಿಯ ವಿಷಯಕ್ಕೆ ಜೈಪುರದ ನೀಲಿ ಕುಂಬಾರಿಕೆ ನೋಡಿ. ಮುಚ್ಚಿಹೋಗುವ ಹಂತಕ್ಕೆ ಬಂದಿದ್ದ ಕಸುಬು. ಇವರೂ ಮಹಾರಾಣಿ ಗಾಯತ್ರಿ ದೇವಿಯವರೂ ಬೆಂಬಲಕ್ಕೆ ನಿಂತರು. ಆದರೆ ಕೈ ಹಾಕಿ ಎಬ್ಬಿಸಿದ್ದು ಕೃಪಾಲ್ ಸಿಂಗ್ ಶೇಖಾವತ್ ಎಂಬ ಚಿತ್ರಕಾರ. ಹುಡುಗರಿಗೆ ಕಲಿಸಿದ್ದು, ಬಣ್ಣ, ಚಿತ್ತಾರ ತೀರ್ಮಾನಿಸಿದ್ದು ಅವರೇ. ಹೀಗೇ ಆಂಧ್ರದ ಶ್ರೀಕಾಳಹಸ್ತಿಯಲ್ಲಿ ಕಲಂಕಾರಿ. ಬಿದಿರಿನ ಕಡ್ಡಿಗೆ ಉಣ್ಣೆ ಸುತ್ತಿ, ಬೆಲ್ಲ ಮತ್ತು ಕಬ್ಬಿಣದ ತುಕ್ಕು ಕೊಳೆಸಿ ಮಾಡಿದ ಕಪ್ಪು ಬಣ್ಣದಲ್ಲಿ ಅದ್ದಿ ಬಟ್ಟೆಯ ಮೇಲೆ ಬರೆಯೋ ಕೆಲಸ. ಬರೆಯುವವರು ಬೆರಳೆಣಿಕೆಯಷ್ಟು ಉಳಿದಿದ್ದರು. ಐವತ್ತರ ದಶಕದಲ್ಲಿ ಅಲ್ಲಿ ತರಬೇತಿ ಕೇಂದ್ರ ತೆರೆದರು, ಕಲಿಸಲು ಕೂರಿಸಿದ್ದು ಆ ಊರಿನ ಹಳೇ ಕಸುಬುದಾರರನ್ನೇ, ದೆಹಲಿಯಿಂದ ಡಿಗ್ರಿಯವರನ್ನು ಕಳಿಸಲಿಲ್ಲ. ಕಲಿಯುವ ಹುಡುಗರಿಗೆ ಸ್ಟೈಪೆಂಡ್. ಅಪ್ಪನ ಕಸುಬು ಬಿಟ್ಟು ಕೂಲಿಗೆ ಹೋಗುವ ಹುಡುಗನನ್ನು ಹಿಡಿದು ನಿಲ್ಲಿಸೋದು ಭಾಷಣ ಅಲ್ಲ, ಆ ಸ್ಟೈಪೆಂಡು.

ನೀವು ಹೇಳಿದ ಶೋಕೇಸ್ ಸಮಸ್ಯೆ ಇವರಿಗೂ ಕಾಣದ್ದಲ್ಲ. ಕರಕುಶಲ ಅಂದರೆ ದಿನಬಳಕೆಯದ್ದು ಅಂತ ಅವರು ಬರೆದದ್ದು ಬೇಕಾದಷ್ಟಿದೆ. ಗೆದ್ದರಾ ಅಂದರೆ, ಪೂರ್ತಿ ಇಲ್ಲ. ಪ್ಲಾಸ್ಟಿಕ್ ಕೊಡದ ಮುಂದೆ ಮಣ್ಣಿನ ಕೊಡ ಗೆಲ್ಲಿಸೋಕೆ ಯಾವ ಮಂಡಳಿಗೂ ಆಗಲ್ಲ.

ಅರಗುಬಣ್ಣ:
👆 ಸ್ಟೈಪೆಂಡ್ ಮಾತು ನೂರಕ್ಕೆ ನೂರು. ಚನ್ನಪಟ್ಟಣದಲ್ಲಿ ಇವತ್ತು ಕೇಳಿ, ಮರ ತಿರುಗಿಸಿ ಬೊಂಬೆ ಕಡೆಯುವ ಪಟ್ಟರಡಿ ಮುಂದೆ ಕೂರಲು ಹುಡುಗರಿಲ್ಲ. ತಿರುಗುವ ಆಲೆ ಮರಕ್ಕೆ ಅರಗಿನ ಕಡ್ಡಿ ಒತ್ತಿ ಹಿಡಿದರೆ ಉಜ್ಜಿದ ಕಾವಿಗೇ ಅರಗು ಕರಗಿ ಮರಕ್ಕೆ ಹತ್ತುತ್ತೆ, ಮೇಲೆ ತಾಳೆಗರಿ ಹಿಡಿದರೆ ಹೊಳಪು. ನೋಡೋಕೆ ಸಲೀಸು. ಎಷ್ಟು ಒತ್ತಬೇಕು ಅನ್ನೋದು ಕೈಗೆ ಬರಲು ವರ್ಷಗಳು ಬೇಕು. ಆ ವರ್ಷಗಳಲ್ಲಿ ಅವನ ಊಟಕ್ಕೆ ಯಾರು ಕೊಡುತ್ತಾರೆ?

ಹೊಸಬ:
ತಡವಾಗಿ ಬಂದೆ. ಒಂದು ಸಂದೇಹ. ಪುಪುಲ್ ಜಯಕರ್, ರುಕ್ಮಿಣಿದೇವಿ ಅರುಂಡೇಲ್, ಕಪಿಲಾ ವಾತ್ಸ್ಯಾಯನ ಇವರೆಲ್ಲ ಇದ್ದರಲ್ಲ. ಕಮಲಾದೇವಿಯವರನ್ನೇ ಯಾಕೆ ಬೇರೆ ನಿಲ್ಲಿಸಬೇಕು? ಒಂದೇ ಕಾಲದ ಹೆಂಗಸರು, ಒಂದೇ ಥರದ ಕೆಲಸ.

ಹಳೇಪೇಟೆ:
ಒಂದೇ ಥರ ಅಲ್ಲ. ರುಕ್ಮಿಣಿದೇವಿಯವರದ್ದು ಒಂದು ಸಂಸ್ಥೆ, ಒಂದು ಶೈಲಿ. 1936ರ ಕಲಾಕ್ಷೇತ್ರ, ಅದಕ್ಕೇ ಬದುಕು ಕೊಟ್ಟರು. ಪುಪುಲ್ ಜಯಕರ್ ಅವರದ್ದು ಹೆಚ್ಚಾಗಿ ಕೈಮಗ್ಗ, ಮುಂದೆ ಭಾರತ ಉತ್ಸವಗಳು. ಇಂದಿರಾ ಗಾಂಧಿಯವರ ಆಪ್ತರು, ಅಧಿಕಾರದ ಹತ್ತಿರವೇ ಇದ್ದು ಕೆಲಸ ತೆಗೆದವರು. ಕಪಿಲಾ ಅವರು ವಿದ್ವಾಂಸರು, ಶಿಕ್ಷಣ ಇಲಾಖೆಯ ಒಳಗಿಂದ ಬಂದವರು, ಇಂದಿರಾ ಗಾಂಧಿ ರಾಷ್ಟ್ರೀಯ ಕಲಾ ಕೇಂದ್ರ ಕಟ್ಟಿದರು.

ಕಮಲಾದೇವಿ ಸಮಾಜವಾದಿ. 1936ರಲ್ಲಿ ಕಾಂಗ್ರೆಸ್ ಸೋಷಲಿಸ್ಟ್ ಪಕ್ಷದ ಅಧ್ಯಕ್ಷೆ. ಸಹಕಾರ ಸಂಘದ ಕಡೆಯಿಂದ ಕಲೆಗೆ ಬಂದರು, ಕಲೆಯ ಕಡೆಯಿಂದ ಸಹಕಾರಕ್ಕೆ ಅಲ್ಲ. ಅವರಿಗೆ ಕುಂಬಾರ ಮೊದಲು ಕೆಲಸಗಾರ, ಆಮೇಲೆ ಕಲಾವಿದ. ಇನ್ನೊಂದು, ಸ್ವಾತಂತ್ರ್ಯ ಬಂದ ಮೇಲೆ ಮಂತ್ರಿಗಿರಿ, ರಾಯಭಾರಿ ಹುದ್ದೆಗಳ ಹಿಂದೆ ಹೋಗದೆ ಇದನ್ನು ಆರಿಸಿಕೊಂಡರು. ಅವರ ಜೊತೆ ಜೈಲಿಗೆ ಹೋದವರೆಲ್ಲ ಆಗ ಎಲ್ಲೆಲ್ಲಿ ಇದ್ದರು ಅಂತ ಒಮ್ಮೆ ಲೆಕ್ಕ ಹಾಕಿ.

ಹೊಸಬ:
ಹರೀಂದ್ರನಾಥರ ಜೊತೆ ಬೇರೆ ಆದರು ಅಂತಲೂ ಓದಿದ್ದೇನೆ.

ಕಡಲಕರೆ:
ಹೌದು, ಕೋರ್ಟಿನ ಮೂಲಕವೇ ವಿಚ್ಛೇದನ. ಆ ಕಾಲಕ್ಕೆ ಬಹಳ ಅಪರೂಪ. ರಾಮಕೃಷ್ಣ ಅಂತ ಒಬ್ಬ ಮಗ. ಅದನ್ನು ಇಲ್ಲಿ ಎಳೆಯೋದು ಬೇಡ ಅಂತ ನನಗನ್ನಿಸುತ್ತೆ. ಗಂಡಸರ ಬಗ್ಗೆ ಬರೆದಾಗ ಯಾರೂ ಸಂಸಾರದ ಪ್ರಶ್ನೆ ಕೇಳಲ್ಲ.

ಪಾಠದಮನೆ:
ಇಷ್ಟೆಲ್ಲ ಓದಿದ ಮೇಲೆ ಇನ್ನೊಂದು ಪ್ರಶ್ನೆ. ಆ ಕರಕುಶಲ ಮಂಡಳಿ ಈಗ ಏನಾಗಿದೆ? ಮಕ್ಕಳು ಕೇಳೇ ಕೇಳುತ್ತಾರೆ.

ಅರಗುಬಣ್ಣ:
ಇಲ್ಲ ಮೇಷ್ಟ್ರೇ, 2020ರಲ್ಲಿ ಮುಚ್ಚಿದರು. ಕೊರೊನಾ ಕಾಲ, ಜಾತ್ರೆ ಇಲ್ಲ, ಮೇಳ ಇಲ್ಲ, ಮಾಲು ಗೋಡೌನಿನಲ್ಲಿ ಧೂಳು ಹಿಡಿದಿತ್ತು. ಕೈಮಗ್ಗ ಮಂಡಳಿಯನ್ನು ಜುಲೈ ಕೊನೆಗೆ, ಕರಕುಶಲ ಮಂಡಳಿಯನ್ನು ಆಗಸ್ಟ್ ಮೊದಲ ವಾರ ರದ್ದು ಮಾಡಿ ಆದೇಶ ಬಂತು. ಆಗಸ್ಟ್ 7 ರಾಷ್ಟ್ರೀಯ ಕೈಮಗ್ಗ ದಿನ. ಸಮಯ ನೋಡಿ.

ಎದುರುಮಾತು:
ಅಯ್ಯೋ, ಆ ಮಂಡಳಿ ಆಗಲೇ ಹೆಸರಿಗೆ ಮಾತ್ರ ಇತ್ತಲ್ಲ. ಸಲಹೆ ಕೊಡೋದು ಬಿಟ್ಟರೆ ಅಧಿಕಾರ ಏನಿತ್ತು? ಕೆಲಸ ಎಲ್ಲ ಅಭಿವೃದ್ಧಿ ಆಯುಕ್ತರ ಕಚೇರಿಯದ್ದು. ಅಳೋಕೆ ಏನಿದೆ?

ಅರಗುಬಣ್ಣ:
ಹೆಸರಿಗೆ ಮಾತ್ರ ಇತ್ತು, ನಿಜ. ಆದರೆ ಸರ್ಕಾರದ ಎದುರು ಕೂತು ಮಾತಾಡಲು ಕಸುಬಿನವರಿಗೆ ಇದ್ದ ಒಂದೇ ಅಧಿಕೃತ ಜಾಗವೂ ಅದೇ. ಹಾಗಂತ ಕಮಲಾದೇವಿಯವರನ್ನು ಸರ್ಕಾರ ಮರೆತೇಬಿಟ್ಟಿದೆ ಅನ್ನೋದೂ ಸರಿಯಲ್ಲ, 2017ರಲ್ಲಿ ಜವಳಿ ಇಲಾಖೆ ಮಹಿಳಾ ನೇಕಾರರಿಗೆ, ಕುಶಲಕರ್ಮಿಗಳಿಗೆ ಅವರ ಹೆಸರಿನಲ್ಲೇ ಪ್ರಶಸ್ತಿ ಮಾಡಿದೆ. ಪ್ರಶಸ್ತಿ ಉಳಿಯಿತು, ಮಂಡಳಿ ಹೋಯಿತು.

ರಂಗಪರದೆ:
ಅದೇ 2017ರಲ್ಲಿ ಇನ್ನೊಂದು ನಡೆಯಿತು. ಜಿಎಸ್‌ಟಿ ಬಂದಾಗ ಕೈಯಿಂದ ಮಾಡಿದ್ದಕ್ಕೂ ತೆರಿಗೆ ಬಿತ್ತು. ಕೈ ಉತ್ಪನ್ನಕ್ಕೆ ಶೂನ್ಯ ಕರ ಬೇಕು ಅಂತ ಕರ ನಿರಾಕರಣೆ ಸತ್ಯಾಗ್ರಹಕ್ಕೆ ಕೂತವರು ಪ್ರಸನ್ನ. ನಾಟಕ ಶಾಲೆಯಿಂದ ಬಂದವರು, ಸಾಗರದ ಹತ್ತಿರ ಭೀಮನಕೋಣೆಯಲ್ಲಿ ಚರಕ ಅಂತ ಹೆಂಗಸರ ಸಹಕಾರ ಸಂಘ ಕಟ್ಟಿ ಕೈಮಗ್ಗದ ಬಟ್ಟೆ ಮಾಡಿಸಿದವರು. ನಾಟಕ, ಮಗ್ಗ, ಸಹಕಾರ, ಸತ್ಯಾಗ್ರಹ. ಕಮಲಾದೇವಿಯವರಿಗೆ ಕರ್ನಾಟಕದಲ್ಲಿ ವಾರಸುದಾರರು ಇದ್ದಾರಾ ಅಂತ ಯಾರಾದರೂ ಕೇಳಿದರೆ ನಾನು ಮೊದಲು ಭೀಮನಕೋಣೆಯ ದಾರಿ ತೋರಿಸುತ್ತೇನೆ.

ಎದುರುಮಾತು:
ಇದು ಒಪ್ಪಿದೆ. ಆದರೆ ಚರಕ ಕೂಡ ಮಾರುಕಟ್ಟೆಯಲ್ಲಿ ಒದ್ದಾಡಿತಲ್ಲ. ಅಂದರೆ 1952ರ ಪ್ರಶ್ನೆ ಹಾಗೇ ಇದೆ. ನೇಯೋದು ಗೊತ್ತು, ಮಾರೋದು ಯಾರು?

ಅರಗುಬಣ್ಣ:
ಅದನ್ನೇ ನಾನು ಬಾಯಿ ಬಡಿದುಕೊಳ್ಳುತ್ತಿರೋದು. ಹೋದ ತಿಂಗಳು ಒಬ್ಬರು ದೊಡ್ಡ ಗಿರಾಕಿ ಬಂದರು. ಎಲ್ಲ ಬೊಂಬೆ ಒಂದೇ ಅಳತೆ, ಒಂದೇ ಬಣ್ಣ ಇರಬೇಕು, ದುಡ್ಡು ಮೂರು ತಿಂಗಳ ಮೇಲೆ. ಕಸುಬುದಾರ ನನ್ನ ಮುಖ ನೋಡಿದ. ಮರ ಕೊಳ್ಳಲು ಅವನಿಗೆ ದುಡ್ಡು ಇವತ್ತು ಬೇಕು. ಮುಂಗಡ ನಾನು ಕೊಟ್ಟೆ, ಬಣ್ಣ ಸ್ವಲ್ಪ ಆಚೀಚೆ ಆಗುತ್ತೆ ಅಂತ ಗಿರಾಕಿಯನ್ನು ಒಪ್ಪಿಸಿದ್ದೂ ನಾನೇ. ನನ್ನ ಕೈಲಾದದ್ದು ಒಂದು ಬೀದಿಗೆ. ಆಕೆ ಇದನ್ನೇ ದೇಶಕ್ಕೆಲ್ಲ ಮಾಡಲು ಹೊರಟಿದ್ದರು, ಕಂಪ್ಯೂಟರ್ ಇಲ್ಲದ ಕಾಲದಲ್ಲಿ.

ಕಡಲಕರೆ:
ಮೇಷ್ಟ್ರೇ, ನಿಮ್ಮ ಪಾಠಕ್ಕೆ ಬೇಕಾದೀತು, ಉಳಿದ ದಿನಾಂಕ ಬರೆದುಕೊಳ್ಳಿ: ಪದ್ಮಭೂಷಣ 1955, ಪದ್ಮವಿಭೂಷಣ 1987, ತೀರಿಕೊಂಡದ್ದು ಮುಂಬೈಯಲ್ಲಿ 1988ರ ಅಕ್ಟೋಬರ್ 29. ಅರಗುಬಣ್ಣ ಅವರು ಒಪ್ಪಿದರೆ ಬೊಂಬೆಯ ಆರ್ಡರಿನ ಕಥೆಯನ್ನೂ ಮಕ್ಕಳಿಗೆ ಹೇಳಿ. ಮುಂಗಡ ಎಷ್ಟು, ಮರ ಎಷ್ಟು, ದುಡ್ಡು ಯಾವಾಗ ಅಂತ ಲೆಕ್ಕ ಮಾಡಿಸಿ.

ಅರಗುಬಣ್ಣ:
ಒಪ್ಪಿದೆ ಅಕ್ಕ. ಬಿಲ್ಲಿನ ನಕಲು ಬೇಕಾದರೂ ಕಳಿಸುತ್ತೇನೆ, ಗಿರಾಕಿ ಹೆಸರು ಮಾತ್ರ ಅಳಿಸಿ.